ವಾಸನೆ ಇಲ್ಲ ಎಂದವಳು

ಚಮಚ ಗೋಡೆಗೆ ಬಡಿದು ನೆಲಕ್ಕೆ ಬಿತ್ತು. ಹಾಲಿನಲ್ಲಿ ನೆನೆಸಿದ ಬ್ರೆಡ್ಡು ಸೊಸೆಯ ಮಡಿಲಿಗೆಲ್ಲ ಚೆಲ್ಲಿತು. ಎರಡೂ ಕೈಗಳಿಗೆ ಮೊಣಕೈವರೆಗೆ ಬ್ಯಾಂಡೇಜು ಸುತ್ತಿಸಿಕೊಂಡು ಮಂಚದ ಮೇಲೆ ಒರಗಿದ್ದ ಮಗ, ಬಾಯಿಯ ಹತ್ತಿರ ಬಂದ ಚಮಚವನ್ನು ಭುಜದಿಂದ ತಳ್ಳಿಬಿಟ್ಟಿದ್ದ.

"ನಿನ್ನ ಕೈಯಿಂದ ನನಗೇನೂ ಬೇಡ," ಎಂದ. "ನನ್ನ ಕೈ ಸುಟ್ಟವಳು ನನಗೆ ತಿನ್ನಿಸೋಕೆ ಬರ್ತಾಳೆ. ಇದಕ್ಕಿಂತ ಉಪವಾಸ ಸಾಯೋದೇ ಮೇಲು..."

ತುಂಬಿದ ಬಸುರಿ ಸೊಸೆ ಒಂದು ಕೈಯನ್ನು ನೆಲಕ್ಕೂರಿ, ಕಷ್ಟಪಟ್ಟು ಬಗ್ಗಿ, ಚಮಚ ಹೆಕ್ಕಿಕೊಂಡಳು. ಸೆರಗಿನಿಂದ ನೆಲ ಒರೆಸಿದಳು. ಬಾಗಿಲಲ್ಲಿ ನಿಂತಿದ್ದ ಅತ್ತೆಯನ್ನು ಒಮ್ಮೆ ತಲೆಯೆತ್ತಿ ನೋಡಿದಳು, ಅಷ್ಟೇ. ಅತ್ತೆ ಒಂದು ಮಾತು ಆಡಿದ್ದರೆ ಸಾಕಿತ್ತು. ಆ ಒಂದು ಮಾತನ್ನು ಅತ್ತೆ ಆಡದೆ ವಾರವಾಗುತ್ತಾ ಬಂದಿತ್ತು. ಅವಳು ಮುಖ ತಿರುಗಿಸಿಕೊಂಡು ಅಡುಗೆಮನೆಗೆ ಹೋದಳು.

ಆ ಅತ್ತೆಯನ್ನು ಬೀದಿಯವರೆಲ್ಲ ಕರೆಯುವುದು ಬೇಕರಿ ಅಮ್ಮ ಎಂದು. ಗಂಡ ತೀರಿಕೊಂಡಾಗ ಮೈದುನಂದಿರು ಬಂದು, "ಒಂಟಿ ಹೆಂಗಸಿನ ಕೈಲಿ ಬೇಕರಿ ನಡೆಯುತ್ತಾ ಅತ್ತಿಗೆ? ಮಾರಿ ಕೈತೊಳ್ಕೊಳ್ಳಿ," ಎಂದಿದ್ದರು. ಅವಳು ಮಾರಲಿಲ್ಲ. ಮಗನನ್ನೂ ಮಗಳನ್ನೂ ಮೈದಾ ಚೀಲಗಳ ನಡುವೆ ಮಲಗಿಸಿ, ಹಿಟ್ಟು ನಾದಿ, ಬೇಕರಿಯನ್ನು ಉಳಿಸಿಕೊಂಡಳು. ಅವಳಿಗಿದ್ದ ಬಂಡವಾಳವೆಲ್ಲ ಅವಳ ಮೂಗು. ಹುದುಗು ಬಂದ ಹಿಟ್ಟಿನ ಮೇಲೆ ಬಗ್ಗಿ ಒಮ್ಮೆ ಉಸಿರೆಳೆದರೆ ಸಾಕು, ಇನ್ನೂ ಬಿಡಬೇಕೋ, ಹುಳಿ ಹತ್ತಿ ಕೆಟ್ಟಿತೋ, ಬೇಯಿಸಲು ಹದವೋ, ಹೇಳಿಬಿಡುತ್ತಿದ್ದಳು. ಹದವಾಗಿದ್ದರೆ "ಹಚ್ಚು" ಎನ್ನುತ್ತಿದ್ದಳು. ಅಮ್ಮ "ಹಚ್ಚು" ಅನ್ನದೆ ಆ ಮನೆಯಲ್ಲಿ ಓವನ್ನಿಗೆ ಬೆಂಕಿ ತಾಗುತ್ತಿರಲಿಲ್ಲ. ಅಂದ ಮೇಲೆ ಯಾರೂ ಎರಡನೇ ಸಲ ಯೋಚಿಸುತ್ತಿರಲಿಲ್ಲ. ಮಗನಿಗಂತೂ ಅದು ಅಭ್ಯಾಸವಾಗಿಹೋಗಿತ್ತು. ತನ್ನ ಮೂಗು ಇರುವುದು ಕನ್ನಡಕ ಕೂರಿಸಲಿಕ್ಕೆ ಮಾತ್ರ ಎಂದು ಅವನೇ ನಗುತ್ತಿದ್ದ.

ಹೋದ ವರ್ಷ ಅವಳಿಗೊಂದು ಜ್ವರ ಬಂತು. ನಾಲ್ಕು ದಿನ ಮಲಗಿಸಿತು, ಹೋಯಿತು. ಹೋಗುವಾಗ ಮೂಗಿನ ಶಕ್ತಿಯನ್ನೂ ಹೊತ್ತುಕೊಂಡು ಹೋಯಿತು! ಎದ್ದು ಬಂದು ಹಿಟ್ಟಿನ ತಪ್ಪಲೆ ತೆರೆದು ಬಗ್ಗಿದರೆ ಏನೂ ಇಲ್ಲ. ಬೆಣ್ಣೆ ಇಲ್ಲ, ಹುದುಗು ಇಲ್ಲ, ಬೇಯುವ ಬನ್ನಿನ ಘಮ ಇಲ್ಲ. ಗೋಡೆಯನ್ನು ಮೂಸಿದ ಹಾಗೆ. ನೆಗಡಿ ಇಳಿದರೆ ಸರಿಹೋದೀತು ಎಂದುಕೊಂಡಳು. ನೆಗಡಿ ಇಳಿಯಿತು, ಇದು ಸರಿಹೋಗಲಿಲ್ಲ.

ಡಾಕ್ಟರ ಹತ್ತಿರ ಹೋಗಬಹುದಿತ್ತು. ಮಗನನ್ನು ಕೂರಿಸಿಕೊಂಡು, "ನನಗೆ ಹೀಗಾಗಿದೆ ಕಣೋ," ಅನ್ನಬಹುದಿತ್ತು. ಅನ್ನಲಿಲ್ಲ. ಏಕೆಂದರೆ ಈ ಮನೆಯಲ್ಲಿ ಕೈಲಾಗದವರಿಗೆ ಏನಾಗುತ್ತದೆ ಎಂಬುದು ಅವಳಷ್ಟು ಚೆನ್ನಾಗಿ ಯಾರಿಗೂ ಗೊತ್ತಿರಲಿಲ್ಲ. ಅವಳ ಅತ್ತೆಗೆ, ಅಂದರೆ ಈ ಬೇಕರಿಯನ್ನು ಶುರುಮಾಡಿದ ಮುದುಕಿಗೆ, ಕಡೆಗಾಲದಲ್ಲಿ ಕಣ್ಣು ಹೋಯಿತು. ಕಣ್ಣು ಹೋದದ್ದೇ ತಡ, ಸೊಸೆಯಾಗಿದ್ದ ಇವಳೇ ಆಕೆಯ ಸೊಂಟದಿಂದ ಬೀಗದ ಕೈ ಬಿಚ್ಚಿಕೊಂಡಳು. ಆಕೆಯ ಮಂಚವನ್ನು ಉಗ್ರಾಣದ ಮೂಲೆಗೆ ಹಾಕಿಸಿದಳು. ಮುದುಕಿ ಬಾಯಿ ತೆರೆದರೆ, "ಸುಮ್ನೆ ಕೂತ್ಕೊಳ್ಳಿ ಅತ್ತೆ, ನಿಮಗೇನು ಕಾಣ್ಸುತ್ತೆ?" ಎನ್ನುತ್ತಿದ್ದಳು. ಆ ಜೀವ ಚೀಲಗಳ ಮಧ್ಯೆಯೇ ಸುಮ್ಮನಾಯಿತು. ಈಗ ತನ್ನ ಸರದಿ ಎಂದರೆ ಎದೆ ಧಸಕ್ಕೆನ್ನದೆ ಇರುತ್ತದೆಯೇ?

ಅದಕ್ಕೆ ಅವಳೊಂದು ಉಪಾಯ ಮಾಡಿದಳು. ಹಿಟ್ಟಿನ ಮುಂದೆ ಸೊಸೆಯನ್ನು ನಿಲ್ಲಿಸಿ, "ಮೂಸಿ ಹೇಳೆ, ಎಷ್ಟು ಕಲ್ತಿದ್ದೀ ನೋಡೋಣ," ಎನ್ನುವಳು. ಸೊಸೆ ಬಗ್ಗಿ ಮೂಸಿ, ಹೆದರುತ್ತಾ, "ಹದವಾಗಿದೆ ಅನ್ಸುತ್ತೆ ಅತ್ತೆ," ಎನ್ನುವಳು. "ಅನ್ಸುತ್ತಂತೆ. ಅನ್ಸೋದಲ್ಲ, ಗೊತ್ತಾಗ್ಬೇಕು. ನಿಮ್ಮಪ್ಪನ ಮನೇಲಿ ಹಿಟ್ಟನ್ನೇ ಕಂಡಿರ್ಲಿಲ್ವೇನೋ," ಎಂದು ನಾಲ್ಕು ಜನರ ಮುಂದೆ ನೀರಿಳಿಸಿ, ಮಗನ ಕಡೆ ತಿರುಗಿ, "ಹಚ್ಚು," ಎನ್ನುವಳು. ಹೀಗೆ ವರ್ಷವಿಡೀ ಸೊಸೆಯ ಮೂಗಿನಿಂದ ಬೇಕರಿ ನಡೆಯಿತು, ಹೆಸರು ಅತ್ತೆಯದಾಯಿತು. ಎಷ್ಟೆಷ್ಟು ಅವಳ ಮೇಲೆ ಒರಗಿದಳೋ ಅಷ್ಟಷ್ಟು ಅವಳನ್ನು ಕಾಲ ಕಸ ಮಾಡಿದಳು. ಪಾಪ, ಆ ಹುಡುಗಿಗೆ ಕಡೆಕಡೆಗೆ ತನಗೆ ಬಂದ ವಾಸನೆಯನ್ನು ನಂಬುವುದಕ್ಕೂ ಭಯವಾಗತೊಡಗಿತ್ತು.

ಆ ದಿನ ಮಧ್ಯಾಹ್ನದ ಬನ್ನಿಗೆ ಹಿಟ್ಟು ಸಿದ್ಧವಾಗಿತ್ತು. ಮಗ ಉಗ್ರಾಣದಲ್ಲಿ ಚೀಲ ಇಳಿಸುತ್ತಿದ್ದ. ಸೊಸೆ ಓವನ್ನಿನ ಕೋಣೆಗೆ ಬಂದವಳು ಬಾಗಿಲಲ್ಲೇ ನಿಂತು, ಮೂಗಿಗೆ ಸೆರಗು ಹಿಡಿದಳು.

"ಅತ್ತೆ, ಗ್ಯಾಸ್ ವಾಸನೆ ಬರ್ತಿದೆ."

ಬೇಕರಿ ಅಮ್ಮ ಉಸಿರೆಳೆದು ನೋಡಿದಳು. ಅವಳಿಗೆ ಯಾವತ್ತಿನ ಹಾಗೆ ಗೋಡೆ ಮೂಸಿದಂತಾಯಿತು. "ಹೌದಾ? ನನಗೆ ಗೊತ್ತಾಗ್ತಿಲ್ಲ, ಕಿಟಕಿ ತೆಗಿ," ಅಂದಿದ್ದರೆ ಮುಗಿದುಹೋಗುತ್ತಿತ್ತು. ಆದರೆ ಕೋಣೆಯಲ್ಲಿ ಟ್ರೇ ಒರೆಸುವ ಕೆಲಸದವಳಿದ್ದಳು, ಕೇಳಿಸಿಕೊಳ್ಳುತ್ತಿದ್ದಳು. ಸೊಸೆಗೆ ಬರುವ ವಾಸನೆ ತನಗೆ ಬರದು ಎಂದು ಒಪ್ಪಿಕೊಳ್ಳುವುದೇ?

"ಎಂಥ ವಾಸನೇನೂ ಇಲ್ಲ," ಎಂದಳು. "ಬಸುರಿ ಮೂಗಿಗೆ ಇಲ್ಲದ್ದೆಲ್ಲಾ ಬರುತ್ತೆ. ನೀನು ಕೌಂಟರ್‌ಗೆ ಹೋಗು." ಕೆಲಸದವಳ ಕಡೆಗೂ ತಿರುಗಿದಳು. "ನೀನೂ ನಡಿಯೇ, ಅಲ್ಲಿ ಗಿರಾಕಿ ಕಾಯ್ತಿದ್ದಾರೆ." ಇಬ್ಬರೂ ಹೊರಟರು. ಸೊಸೆ ಒಮ್ಮೆ ಹಿಂತಿರುಗಿ ನೋಡಿದಳು. ಅಷ್ಟರಲ್ಲಿ ಮಗ ಮೈದಾ ಧೂಳಿಗೆಂದು ಮೂಗಿಗೆ ಕಟ್ಟಿದ್ದ ಬಟ್ಟೆಯನ್ನೂ ಬಿಚ್ಚದೆ ಬಂದು, ಅಭ್ಯಾಸದ ಪ್ರಕಾರ, "ಹಚ್ಚಲಾ ಅಮ್ಮ?" ಎಂದ.

"ಹಚ್ಚು," ಎಂದು ಅವಳು ಹಿಟ್ಟಿನ ಹಲಗೆ ತರಲು ಪಕ್ಕದ ಕೋಣೆಗೆ ಕಾಲಿಟ್ಟಳು. ಬೆನ್ನ ಹಿಂದೆ ಧಡ್ ಎಂದಿತು. ಆಮೇಲೆ ಮಗನ ಕೂಗು... ಆ ಕೂಗನ್ನು ಯಾವ ತಾಯಿಗೂ ದೇವರು ಕೇಳಿಸಬಾರದು.

ತನಿಖೆಗೆ ಬಂದ ಅಧಿಕಾರಿ ರಬ್ಬರ್ ಪೈಪನ್ನು ಬಗ್ಗಿಸಿ ಬಿರುಕು ತೋರಿಸಿದ. "ಇದು ಬಹಳ ಹೊತ್ತಿನಿಂದ ಸೋರಿದೆ. ಮೂಗು ಬಿಡೋಕಾಗದಷ್ಟು ವಾಸನೆ ಇದ್ದಿರ್ಬೇಕು. ಒಳಗೆ ಯಾರಿದ್ದಿರಿ?" ಎಂದು ಕೇಳಿದ. ಬೇಕರಿ ಅಮ್ಮನ ಬಾಯಿಂದ ಯೋಚಿಸುವ ಮೊದಲೇ ಬಂದುಬಿಟ್ಟಿತು: "ನನ್ನ ಸೊಸೆ ಇದ್ಲು. ನಾನು ಆಗಷ್ಟೇ ಬಂದೆ."

"ನಾನು ಹೇಳಿದೆನಲ್ಲ ಅತ್ತೆ..." ಎಂದಳು ಸೊಸೆ.

"ನೀನು ಹೇಳಿದ್ರೆ ನಾನು ಕೇಳ್ತಿರ್ಲಿಲ್ವೇನೆ? ಹೆತ್ತ ಮಗನನ್ನ ಬೆಂಕಿಗೆ ಕಳಿಸ್ತಿದ್ನಾ?"

ಕೆಲಸದವಳು ತನಗೇನೂ ನೆನಪಿಲ್ಲವೆಂದು ಕೈ ತೊಳೆದುಕೊಂಡಳು. ಅನ್ನ ಕೊಡುವ ಯಜಮಾನಿತಿಯನ್ನು ಎದುರುಹಾಕಿಕೊಳ್ಳಲು ಅವಳಿಗೇನು ಹುಚ್ಚೇ. ಮಗ ಆಸ್ಪತ್ರೆಯ ಮಂಚದಲ್ಲೇ ತೀರ್ಮಾನಿಸಿಬಿಟ್ಟ: ಅಮ್ಮನ ಮೂಗಿಗೆ ಬರದ ವಾಸನೆ ಲೋಕದಲ್ಲಿಲ್ಲ, ಆದ್ದರಿಂದ ಅಮ್ಮ ಅಲ್ಲಿ ನಿಂತೇ ಇರಲಿಲ್ಲ, ಹಲಗೆ ತರಲು ಹಾದುಹೋಗುವಾಗ ಹಚ್ಚು ಎಂದಿದ್ದಳು ಅಷ್ಟೇ, ಒಳಗಿದ್ದವಳು ಹೆಂಡತಿ, ವಾಸನೆ ಗೊತ್ತಾಗಿಯೂ ಸುಮ್ಮನೆ ಕೌಂಟರಿಗೆ ಹೋದವಳು ಹೆಂಡತಿ. "ನಿನಗೆ ಒಂದು ಕೂಗು ಹಾಕೋಕಾಗ್ಲಿಲ್ವಾ?" ಎಂದು ಕೇಳಿದಾಗ ಅವಳು, "ಅತ್ತೆ ಇಲ್ಲ ಅಂದ್ರು... ಅವರು ಇಲ್ಲ ಅಂದ್ಮೇಲೆ ಇಲ್ಲ ಅಂದ್ಕೊಂಡೆ," ಎಂದಳು. ಅದನ್ನೂ ಅವನು ಸುಳ್ಳಿನ ಮೇಲೊಂದು ಸುಳ್ಳು ಎಂದುಕೊಂಡ. ಮನೆಗೆ ಕರೆತಂದ ಮೇಲೂ ಅವಳ ಮುಖ ನೋಡಲಿಲ್ಲ. ಅವಳನ್ನು ತವರಿಗೆ ಕಳಿಸಿಬಿಡಿ ಎಂದು ಹಟ ಹಿಡಿದ. ಚಮಚ ಹಾರಿದ ಆ ಮಧ್ಯಾಹ್ನವೇ ಅವಳ ತಂದೆ ಬಂದು ಕರೆದುಕೊಂಡು ಹೋಗುವುದೆಂದು ಗೊತ್ತಾಗಿತ್ತು.

ಪಕ್ಕದ ಬೀದಿಗೆ ಕೊಟ್ಟ ಮಗಳು ಬೆಳಿಗ್ಗೆಯೇ ಬಂದು ಉಟ್ಟ ಸೀರೆ ಎತ್ತಿ ಕಟ್ಟಿ ನಿಂತಿದ್ದಳು. ಅತ್ತಿಗೆಯ ಬಟ್ಟೆಗಳನ್ನು ಕಪಾಟಿನಿಂದ ಎಳೆದೆಳೆದು ಚೀಲಕ್ಕೆ ತುಂಬಿದಳು. ಅಷ್ಟು ಉತ್ಸಾಹದಿಂದ ಅವಳು ತನ್ನ ಮನೆಯ ಕೆಲಸವನ್ನು ಎಂದೂ ಮಾಡಿದವಳಲ್ಲ.

ಬೀಗರು ಬಂದರು. ಒಂದು ಕಾಲದಲ್ಲಿ ಬಸ್ಸು ಓಡಿಸುತ್ತಿದ್ದವರು. ಸಂಜೆಯಾದರೆ ರಸ್ತೆ ಮಸುಕಾಗುತ್ತದೆ ಎಂದು ಒಂದು ದಿನ ತಾವಾಗಿಯೇ ಡಿಪೋ ಮ್ಯಾನೇಜರ ಮುಂದೆ ಹೋಗಿ ನಿಂತು, ಸ್ಟೇರಿಂಗ್ ಬಿಟ್ಟು, ಬಸ್ಸು ತೊಳೆಯುವ ಕೆಲಸ ಕೇಳಿ ಪಡೆದವರು. ಸಂಬಂಧ ಬೆಳೆಸಿದ ಹೊಸದರಲ್ಲಿ ಬೇಕರಿ ಅಮ್ಮ ಇದನ್ನು ಕೇಳಿ ಮೂಗು ಮುರಿದಿದ್ದಳು. ಯಾರೂ ಕೇಳದೆ ತನ್ನ ಕುಂದನ್ನು ತಾನೇ ಸಾರಿಕೊಂಡು ಬರುವ ಗಂಡಸು ಎಂಥವನು ಎಂದು ಮಗಳ ಹತ್ತಿರ ನಕ್ಕಿದ್ದಳು. ಈಗ ಆ ಮನುಷ್ಯ ಹೊಸ್ತಿಲಲ್ಲಿ ಚಪ್ಪಲಿ ಬಿಟ್ಟು ಕೈಮುಗಿದಾಗ ಅವಳಿಗೆ ತಲೆಯೆತ್ತಲಾಗಲಿಲ್ಲ. ಈತ ಆ ದಿನ ಡಿಪೋಗೆ ಹೋಗದಿದ್ದರೆ ಎಷ್ಟು ಮನೆಗಳಲ್ಲಿ ಅಳು ಏಳುತ್ತಿತ್ತೋ ಎಂಬ ಯೋಚನೆ ಎಲ್ಲಿಂದಲೋ ಬಂತು.

"ತಪ್ಪಾಗಿದ್ರೆ ಹೊಟ್ಟೆಗೆ ಹಾಕ್ಕೊಳ್ಳಿ ಅಮ್ಮ," ಎಂದರು ಅವರು. "ಹೆರಿಗೆ ಆಗೋವರೆಗೂ ನಮ್ಮಲ್ಲಿರ್ಲಿ. ಅಷ್ಟ್ರಲ್ಲಿ ಅಳಿಯಂದ್ರ ಕೋಪಾನೂ ಇಳಿಯುತ್ತೆ."

"ಇಳಿಯೋ ಕೋಪ ಅಲ್ಲ ಬಿಡಿ ಇದು," ಎಂದಳು ಮಗಳು ಚೀಲದ ಜಿಪ್ ಎಳೆಯುತ್ತಾ.

ಸೊಸೆ ಅಡುಗೆಮನೆಗೆ ಬಂದಳು. ಅತ್ತೆ ಸಣ್ಣ ಉರಿಯಲ್ಲಿ ಹಾಲಿಟ್ಟು, ಒಲೆಯ ಕಡೆ ಮುಖ ಮಾಡಿ ನಿಂತಿದ್ದಳು. ಹೊರಗಿನವರಿಗೆ ಕೇಳಿಸದಷ್ಟು ತಗ್ಗಿದ ದನಿಯಲ್ಲಿ ಸೊಸೆ ಹೇಳಿದಳು:

"ಹೋಗ್ಬರ್ತೀನಿ ಅತ್ತೆ. ಒಂದೇ ಒಂದು ಕೇಳ್ತೀನಿ. ನಾನು ಹೇಳಿದ್ನಾ, ಇಲ್ವಾ? ನನಗೇ ಈಗ ಗೊತ್ತಾಗ್ತಿಲ್ಲ. ಎಲ್ರೂ ಇಲ್ಲ ಇಲ್ಲ ಅಂತಾರೆ. ಮಲಗಿದ್ರೂ ಅದೇ, ಎದ್ರೂ ಅದೇ... ಹೇಳಿದ ಹಾಗೆ ನೆನಪು. ಒಂದೊಂದ್ಸಲ ಹೇಳ್ಲೇ ಇಲ್ವೇನೋ, ನಾನೇ ಅವರನ್ನ ಸುಟ್ಟೆನೇನೋ ಅನ್ಸುತ್ತೆ. ನನಗೆ ಹುಚ್ಚು ಹಿಡಿಯುತ್ತೆ ಅತ್ತೆ. ನೀವು ಹೊರಗೆ ಏನಾದ್ರೂ ಅನ್ನಿ, ನಾನು ಯಾರ ಮುಂದೇನೂ ಬಾಯಿ ಬಿಡಲ್ಲ. ನನಗೊಬ್ಬಳಿಗೆ ಹೇಳಿಬಿಡಿ. ಹೇಳಿದ್ನಾ?"

ಬಯ್ದಿದ್ದರೆ ಬೇಕರಿ ಅಮ್ಮ ತಡೆದುಕೊಳ್ಳುತ್ತಿದ್ದಳು. ಶಾಪ ಹಾಕಿದ್ದರೆ ತಿರುಗಿ ಎರಡು ಹಾಕುತ್ತಿದ್ದಳು, ಅದರಲ್ಲಿ ಅವಳು ಸೋತವಳಲ್ಲ. ಈ ಹುಡುಗಿ ನ್ಯಾಯವನ್ನೂ ಕೇಳುತ್ತಿಲ್ಲ, ತನ್ನ ನೆನಪನ್ನು ತನಗೆ ಹಿಂತಿರುಗಿಸಿ ಎಂದು ಬೇಡುತ್ತಿದ್ದಾಳೆ... ಕಣ್ಣು ಹೋದ ಆ ಮುದುಕಿಯೂ ಒಮ್ಮೆ ಹೀಗೆಯೇ, 'ಬೆಳಗಾಯ್ತೇನೆ, ಇಲ್ಲ ನನಗೇ ಹಾಗನ್ಸುತ್ತಾ?' ಎಂದು ಕೇಳಿದ್ದಳು. ಆಗ ಇವಳು ಉತ್ತರ ಕೊಟ್ಟಿರಲಿಲ್ಲ. ಬೇಕರಿ ಅಮ್ಮ ಒಲೆಯಿಂದ ಈಚೆ ತಿರುಗಿದಳು. ಮಾನ ಹೋಗುತ್ತದೆ, ಮಗ ಹೋಗುತ್ತಾನೆ, ಉಗ್ರಾಣದ ಮೂಲೆಯೇ ಗತಿಯಾಗುತ್ತದೆ. ಆಗಲಿ. ಸೊಸೆಯ ರಟ್ಟೆ ಹಿಡಿದು ಎಳೆದುಕೊಂಡೇ ಮಗನ ಕೋಣೆಗೆ ಬಂದಳು.

"ಇವಳು ಹೇಳಿದ್ಲು," ಎಂದಳು.

ಮಗ ತಲೆಯೆತ್ತಿದ. ಬಾಗಿಲಲ್ಲಿ ಬೀಗರೂ ಮಗಳೂ ಬಂದು ನಿಂತರು.

"ಗ್ಯಾಸ್ ವಾಸನೆ ಬರ್ತಿದೆ ಅಂತ ಇವಳು ಹೇಳಿದ್ಲು. ನಾನು ಅಲ್ಲೇ ಇದ್ದೆ. ಇಲ್ಲ ಅಂದೆ. ಬಾಯಿ ಮುಚ್ಚಿಸಿ ಆಚೆ ಕಳಿಸ್ದೆ. ನೀನು ಬಂದು ಕೇಳ್ದಾಗ ಹಚ್ಚು ಅಂದೆ. ನನಗೆ ವಾಸನೆ ಗೊತ್ತಾಗಲ್ಲ ಕಣೋ. ಹೋದ ವರ್ಷದ ಜ್ವರದಿಂದ ಏನೂ ಗೊತ್ತಾಗಲ್ಲ. ಇಷ್ಟು ದಿನ ಇವಳ ಮುಖ ನೋಡ್ಕೊಂಡು ಹದ ಹೇಳ್ತಿದ್ದೆ. ನಿನ್ನ ಕೈ ಸುಟ್ಟಿದ್ದು ನಾನು."

ಆಮೇಲೆ ನಡೆದದ್ದನ್ನು ಬೇಕರಿ ಅಮ್ಮ ಕನಸಿನಲ್ಲೂ ಎಣಿಸಿರಲಿಲ್ಲ. ಮಗಳು ಓಡಿಬಂದು ಅವಳನ್ನು ತಬ್ಬಿಕೊಂಡು ಅತ್ತಳು.

"ನೋಡೋ ಅಣ್ಣ, ನಿನ್ನ ಸಂಸಾರ ಉಳೀಲಿ ಅಂತ ಅಮ್ಮ ಎಂಥ ಮಾತು ಆಡ್ತಿದ್ದಾಳೆ! ಅವಳ ತಪ್ಪನ್ನ ತನ್ನ ತಲೆ ಮೇಲೆ ಎಳ್ಕೊಳ್ತಿದ್ದಾಳೆ. ಅಮ್ಮನ ಮೂಗಿಗೆ ವಾಸನೆ ಬರಲ್ವಂತೆ... ಯಾರ ಕಿವಿಗೆ ಹೂವಿಡ್ತೀಯಮ್ಮ?"

ಮಗನ ಕಣ್ಣಲ್ಲೂ ನೀರು ತುಂಬಿತು. "ನೀನು ಹೀಗೆಲ್ಲ ಮಾಡ್ಬೇಡಮ್ಮ," ಎಂದ. "ನಿನ್ನಂಥ ತಾಯಿ..."

ಬೇಕರಿ ಅಮ್ಮನಿಗೆ ಒಂದು ಗಳಿಗೆ ಆಸೆಯಾಯಿತು. ಸುಳ್ಳು ಹೇಳಬಾರದು, ಆಯಿತು. ನಿಜ ಹೇಳಿದ್ದಾಗಿದೆ, ನಂಬದಿದ್ದರೆ ತನ್ನ ತಪ್ಪೇ? ಸುಮ್ಮನೆ ನಿಂತರೆ ಸಾಕು, ತ್ಯಾಗಮಯಿ ತಾಯಿಯಾಗಿ ಸಾಯುವವರೆಗೂ ಎಲ್ಲರ ತಲೆ ಮೇಲೆ ಕೂತಿರಬಹುದು. ಅವಳು ಸೊಸೆಯನ್ನು ನೋಡಿದಳು. ಸೊಸೆ ಗೋಡೆಗೆ ಒರಗಿ, ಕೈಗಳನ್ನು ಹೊಟ್ಟೆಯ ಮೇಲಿಟ್ಟುಕೊಂಡು, ಈಕೆ ಏನು ಮಾಡುತ್ತಾಳೆಂದು ನೋಡುತ್ತಿದ್ದಳು. ಅವಳ ಮುಖದಲ್ಲಿ ಆಸೆಯೇ ಇರಲಿಲ್ಲ.

"ನಾನು ಕಣ್ಣು ಮುಚ್ಕೊಳ್ತೀನಿ," ಎಂದಳು ಬೇಕರಿ ಅಮ್ಮ ಮಗಳಿಗೆ. "ನೀನು ಏನು ಬೇಕಾದ್ರೂ ತಂದು ಹಿಡಿ. ಏನು ಅಂತ ಹೇಳ್ತೀನಾ ನೋಡು."

ಮಗಳಿಗೂ ರೇಗಿತು. ಈ ನಾಟಕ ಒಂದೇ ಏಟಿಗೆ ಮುಗಿಯಲಿ ಎಂದು ಮಂಚದ ಕೆಳಗಿನ ಮುಚ್ಚಳದ ಬಕೆಟ್ಟನ್ನು ಎಳೆದಳು. ಬೆಳಿಗ್ಗೆ ನರ್ಸು ಬಂದು ಬಿಚ್ಚಿದ ಬ್ಯಾಂಡೇಜುಗಳು ಅದರಲ್ಲಿದ್ದವು, ಕೀವು ಮೆತ್ತಿದ್ದು, ಸುಟ್ಟ ಚರ್ಮ ಅಂಟಿದ್ದು. ಮುಚ್ಚಳ ತೆಗೆದದ್ದೇ ಬೀಗರು ಟವೆಲ್ಲಿನಿಂದ ಮೂಗು ಮುಚ್ಚಿದರು. ಸೊಸೆ ಓಕರಿಕೆ ಬಂದು ಕಿಟಕಿಗೆ ಓಡಿದಳು. ಮಗಳು ತಾನೂ ಮುಖ ಹಿಂಡಿ, ಉಸಿರು ಬಿಗಿಹಿಡಿದು, ಬಕೆಟ್ಟನ್ನು ತಾಯಿಯ ಮೂಗಿನ ಕೆಳಗೆ ಹಿಡಿದಳು.

ಬೇಕರಿ ಅಮ್ಮ ಕಣ್ಣು ಮುಚ್ಚಿ, ಹಿಟ್ಟಿನ ಹದ ನೋಡುವವಳ ಹಾಗೆ ದೀರ್ಘವಾಗಿ ಉಸಿರೆಳೆದಳು. ಮುಖದ ಒಂದು ಗೆರೆಯೂ ಅಲುಗಲಿಲ್ಲ. ಇನ್ನೊಮ್ಮೆ ಎಳೆದಳು.

"ಎಲ್ಲಿ ಹೋದ್ಯೇ?" ಎಂದಳು. "ಇನ್ನೂ ತಂದಿಲ್ವಾ?"

ಮಗಳ ಕೈಯಿಂದ ಬಕೆಟ್ಟು ಜಾರಿತು. ಆ ಸದ್ದಿಗೆ ಬೇಕರಿ ಅಮ್ಮ ಕಣ್ಣು ಬಿಟ್ಟಳು. ಕಾಲ ಬಳಿ ಚೆಲ್ಲಿದ್ದೇನೆಂದು ನೋಡಿದಳು. ತನ್ನ ಮಗನ ಬೆಂದ ಮೈಯ ನಾತ ತನಗೆ ತಿಳಿಯಲಿಲ್ಲ ಎಂಬುದು ಆಗ ಅವಳಿಗೂ ತಿಳಿಯಿತು. ಕೆಳಗೆ ಕೂತು ಅವನ್ನು ಒಂದೊಂದಾಗಿ ಬರಿಗೈಯಲ್ಲಿ ಎತ್ತಿ ಬಕೆಟ್ಟಿಗೆ ಹಾಕತೊಡಗಿದಳು. ಹಾಕುತ್ತಾ ಹಾಕುತ್ತಾ ಅಳು ಬಂತು. ಗಂಡ ಸತ್ತಾಗ ಮೈದುನಂದಿರ ಮುಂದೆ ಅಳದ ಹೆಂಗಸು ಬೀಗರ ಮುಂದೆ, ಮಗಳ ಮುಂದೆ, ಮುಖ ಮುಚ್ಚಿಕೊಳ್ಳದೆ ಗೊಳೋ ಎಂದು ಅತ್ತಳು.

"ಆಚೆ ಹೋಗಮ್ಮ," ಎಂದ ಮಗ. ದನಿ ಒಡೆದಿತ್ತು. "ನನ್ನ ಕಣ್ಣೆದುರು ಇರ್ಬೇಡ. ಹೋಗು."

ಅವಳು ಎದ್ದು, ಬಕೆಟ್ಟು ತೆಗೆದುಕೊಂಡು, ಬಾಗಿಲಾಚೆ ನಿಂತಳು. ಬೀಗರು ನಿಧಾನವಾಗಿ ಚೀಲ ಎತ್ತಿಕೊಂಡು, "ನಡಿಯಮ್ಮ," ಎಂದರು ತಮ್ಮ ಮಗಳಿಗೆ. ಸೊಸೆ ಸೆರಗು ಸರಿಮಾಡಿಕೊಂಡು ಹೊರಟಳು.

"ಹೋಗ್ಬೇಡ," ಎಂದ ಗಂಡ. ಕಣ್ಣೀರು ಇಳಿದು ಗಡ್ಡಕ್ಕೆ ಬರುತ್ತಿತ್ತು, ಒರೆಸಿಕೊಳ್ಳಲು ಬ್ಯಾಂಡೇಜಿನ ಕೈ ಎತ್ತಿದ, ನೋವಿಗೆ ಇಳಿಸಿದ. "ನನಗೆ ಕೈ ಇಲ್ಲ ಕಣೇ..."

ಅವಳು ನಿಂತಳು. "ಕೈ ಇಲ್ಲ ಅಂತ ಕರೀತಿದ್ದೀರಾ, ತಪ್ಪಾಯ್ತು ಅಂತ ಕರೀತಿದ್ದೀರಾ?"

ಅವನು ಅವಳ ಮುಖ ನೋಡಿದ. "ತಪ್ಪಾಯ್ತು," ಎಂದ. "ಕೈ ಇಲ್ಲ, ಅದೂ ಹೌದು. ನನಗೆ ಭಯ ಆಗ್ತಿದೆ. ಇನ್ನು ಮೇಲೆ ಏನೂ ಹಿಡಿಯೋಕಾಗಲ್ವೇನೋ ಅಂತ. ಆ ಭಯಾನ ನಿನ್ನ ಮೇಲೆ ಹಾಕಿದೆ."

ಸೊಸೆ ಹತ್ತಿರ ಹೋಗಿ ಅವನ ಮುಖ ಒರೆಸಿದಳು. ಅಷ್ಟೇ. ತಲೆ ನೇವರಿಸಲಿಲ್ಲ, ಮುಗುಳ್ನಗಲಿಲ್ಲ. "ಅಪ್ಪಾ, ನಾಲ್ಕು ದಿನ ಇದ್ದು ನೋಡ್ತೀನಿ," ಎಂದಳು. "ಚೀಲ ಅಲ್ಲೇ ಬಾಗಿಲ ಹತ್ರ ಇರ್ಲಿ. ಬಿಚ್ಚಲ್ಲ." ಬೀಗರು ಚೀಲವನ್ನು ಗೋಡೆಗೆ ಒರಗಿಸಿಟ್ಟು, ಹೋಗುವಾಗ ಬೇಕರಿ ಅಮ್ಮನ ಮುಂದೆ ಒಂದು ಕ್ಷಣ ನಿಂತರು. ತಲೆಯಾಡಿಸಿ ಹೊರಟುಹೋದರು. ಮಗಳು ಅವರಿಗಿಂತ ಮೊದಲೇ ಚಪ್ಪಲಿ ಮೆಟ್ಟಿದ್ದಳು.

ಬಕೆಟ್ಟು ತೊಳೆದಿಟ್ಟು, ಬೇಕರಿ ಅಮ್ಮ ಅಡುಗೆಮನೆಯಲ್ಲಿ ಒಲೆಗೆ ಬೆನ್ನು ಮಾಡಿ ನೆಲದ ಮೇಲೆ ಕೂತಳು. ಮಗ ಇನ್ನು ಎಂದಾದರೂ ಮಾತಾಡಿಸುವನೋ ಇಲ್ಲವೋ. ಬೇಕರಿ ತೆರೆದರೆ ಬಾಗಿಲೊಳಗೆ ಬಿಡುವರೋ ಇಲ್ಲವೋ. ಆದರೂ ವರ್ಷದಿಂದ ಪ್ರತಿ ಮುಖವನ್ನೂ ಕದ್ದು ನೋಡಿ ನೋಡಿ ಬಿಗಿದುಹೋಗಿದ್ದ ಕತ್ತಿನ ನರ ಸಡಿಲವಾಗಿತ್ತು. ಇನ್ನು ಯಾರ ಮುಖವನ್ನೂ ನೋಡಿ ನಟಿಸಬೇಕಾಗಿಲ್ಲ. ಅಷ್ಟಂತೂ ಆಯಿತು ಎಂದುಕೊಂಡು ಕಣ್ಣು ಮುಚ್ಚಿದಳು.

ಸೊಸೆ ದಡಬಡನೆ ಒಳಗೆ ಬಂದು ಒಲೆ ಆರಿಸಿ ಕಿಟಕಿ ತೆರೆದಳು. "ಹಾಲು ತಳ ಹಿಡಿದು ಹೊತ್ತಿಹೋಗಿದೆ," ಎಂದಳು. "ಮನೆಯೆಲ್ಲಾ ವಾಸನೆ."

ಬೇಕರಿ ಅಮ್ಮ ತಿರುಗಿ ಕರಕಲಾದ ಪಾತ್ರೆ ನೋಡಿದಳು. ಹಿಂದಿನ ದಿನವಾಗಿದ್ದರೆ, 'ಗೊತ್ತು, ನಾನೇ ಬಿಟ್ಟಿದ್ದು,' ಎಂದಾದರೂ ದಬಾಯಿಸುತ್ತಿದ್ದಳು.

"ನನಗೆ ಗೊತ್ತಾಗ್ಲಿಲ್ಲ ಕಣೇ," ಎಂದಳು. "ಇನ್ಮೇಲೆ ಇಂಥದ್ದೇನಾದ್ರೂ ಇದ್ರೆ ನೀನೇ ನನಗೆ ಹೇಳ್ಬೇಕು."

ಸೊಸೆ ಪಾತ್ರೆಯನ್ನು ನಲ್ಲಿಯ ಕೆಳಗಿಟ್ಟು ನೀರು ಬಿಟ್ಟಳು. ಹಿಂತಿರುಗಿ ನೋಡಲಿಲ್ಲ.

"ಹೇಳ್ತೀನಿ ಅತ್ತೆ," ಎಂದಳು. "ಆವತ್ತೂ ಹೇಳಿದ್ದೆ."